ಮಾತ್ರೆ ಸರಿ, ಬೇಳೆ ಎಲ್ಲಿ?

ಬೇಯಿಸಿದ ಮೊಟ್ಟೆಯನ್ನ ಹೊಲಿಗೆ ದಾರದಲ್ಲಿ ಕೊಯ್ಯೋದು ನೋಡಿದ್ದೀರಾ? ಚಾಕು ಹಾಕಿದ್ರೆ ಹಳದಿ ಮೆತ್ತಿಕೊಂಡು ಪುಡಿಪುಡಿ ಆಗುತ್ತೆ. ದಾರದ ಎರಡು ತುದಿ ಬೆರಳಿಗೆ ಸುತ್ತಿ ಎಳೆದರೆ ಕೂದಲೆಳೆ ಹೆಚ್ಚುಕಮ್ಮಿ ಇಲ್ಲದೆ ಪಾಲಾಗುತ್ತೆ. ನಮ್ಮ ಸೋದರಮಾವ ಇದರಲ್ಲಿ ಪಳಗಿದ ಕೈ. 2019ರಲ್ಲಿ ಅವರಿಗೆ ಟಿಬಿ ಬಂದಾಗ ಒಂದೊಂದು ಮೊಟ್ಟೆಯನ್ನೂ ಮೂರು ಪಾಲು ಮಾಡ್ತಿದ್ದರು. ಒಂದು ಪಾಲು ತಮಗೆ, ಉಳಿದೆರಡು ಮೊಮ್ಮಕ್ಕಳಿಗೆ.

ಶಿರಾ ಸೀಮೆಯ ಹಳ್ಳಿ. ಮೂರು ತಿಂಗಳು ಕೆಮ್ಮಿ, ಎರಡು ಕಡೆ ಕೆಮ್ಮಿನ ಸಿರಪ್ ಕುಡಿದು, ಕೊನೆಗೆ ಕಫ ಪರೀಕ್ಷೆ ಆದಾಗ ಮಾವನ ತೂಕ 38 ಕೆಜಿ. ಆರು ಅಡಿಗೆ ಒಂದೆರಡು ಇಂಚು ಕಮ್ಮಿ ಇರೋ ಆಳು. ಡಾಕ್ಟರು ಒಳ್ಳೆಯವರೇ, ಮಾತ್ರೆಯ ವಿಷಯ ಎರಡೆರಡು ಸಲ ಹೇಳಿದರು, ಮೂತ್ರ ಕೆಂಪಗೆ ಹೋಗುತ್ತೆ, ಹೆದರಬೇಡಿ ಅಂದರು. ಊಟದ ವಿಷಯಕ್ಕೆ ಬಂದಾಗ ಮಾತ್ರ ಮುಂದಿನ ಚೀಟಿ ಕೈಗೆತ್ತಿಕೊಳ್ಳುತ್ತಾ, "ಚೆನ್ನಾಗಿ ತಿನ್ನಿ, ಹಾಲು, ಮೊಟ್ಟೆ, ಬೇಳೆಕಾಳು" ಅಂತ ಒಂದೇ ಉಸಿರಲ್ಲಿ ಮುಗಿಸಿದರು. ನಾನು ಮೂವತ್ತು ಮೊಟ್ಟೆಯ ಒಂದು ಟ್ರೇ ತಗೊಂಡು ಹೋಗಿ ಕೊಟ್ಟು, ದೊಡ್ಡ ಕೆಲಸ ಮಾಡಿದವನ ಹಾಗೆ ಬಸ್ ಹತ್ತಿದೆ. ವಾರ ಬಿಟ್ಟು ಹೋದಾಗ ಕಂಡಿದ್ದು ಈ ದಾರದ ಕೆಲಸ. ಬೈದೆ. ಮಾವ ಹೇಳಿದ್ದು ಇಷ್ಟೇ: "ಮಕ್ಳು ಬಾಯಿ ನೋಡ್ಕಂಡು ಕುಂತಿರ್ತವೆ ಕಣಪ್ಪ. ನಾನೊಬ್ನೇ ಹೆಂಗೆ ನುಂಗ್ಲಿ?"

ಆವತ್ತು ಅದು ನನಗೆ ಹಟ ಅನ್ನಿಸಿತ್ತು. ಔಷಧ ಹಂಚಿ ತಿನ್ನೋ ಹಳ್ಳಿ ಗಮಾರುತನ. ನಾಲ್ಕು ವರ್ಷ ಕಳೆದ ಮೇಲೆ, 2023ರ ಆಗಸ್ಟಿನಲ್ಲಿ, ಒಂದು ಸಂಶೋಧನೆಯ ಬಗ್ಗೆ ಓದಿದಾಗ ಗಮಾರ ಯಾರು ಅನ್ನೋದು ತಿಳೀತು.

ಆ ಸಂಶೋಧನೆಗೆ 'ರೇಷನ್ಸ್' ಅಂತ ಹೆಸರು. ಮುನ್ನಡೆಸಿದವರು ನಮ್ಮ ಮಂಗಳೂರಿನ ದೇರಳಕಟ್ಟೆಯ ಯೆನೆಪೋಯ ವೈದ್ಯಕೀಯ ಕಾಲೇಜಿನ ಡಾ. ಅನುರಾಗ್ ಭಾರ್ಗವ ಮತ್ತು ಡಾ. ಮಾಧವಿ ಭಾರ್ಗವ. ದುಡ್ಡು ಐಸಿಎಂಆರ್‌ದು, ಅಂದರೆ ಭಾರತೀಯ ವೈದ್ಯಕೀಯ ಸಂಶೋಧನಾ ಮಂಡಳಿಯದು. ನಡೆದಿದ್ದು ಜಾರ್ಖಂಡಿನ ನಾಲ್ಕು ಜಿಲ್ಲೆಗಳಲ್ಲಿ, 2019ರಿಂದ 2022ರವರೆಗೆ, ಅಂದರೆ ಕೋವಿಡ್ಡಿನ ಲಾಕ್‌ಡೌನ್ ದಾಟಿಕೊಂಡು. 2,800 ಟಿಬಿ ರೋಗಿಗಳು, ಅವರ ಮನೆಗಳಲ್ಲಿದ್ದ 10,345 ಜನ. ಮನೆಯವರಲ್ಲಿ ಹೆಚ್ಚಿನವರು ಸಂತಾಲ, ಹೋ, ಮುಂಡಾ, ಒರಾಂವ್, ಭೂಮಿಜ ಆದಿವಾಸಿಗಳು. ಮೂವರಲ್ಲಿ ಒಬ್ಬರಿಗೆ ರೋಗ ಬರೋ ಮೊದಲೇ ಅಪೌಷ್ಟಿಕತೆ.

ಅವರು ಮಾಡಿದ್ದೇನು? ಎಲ್ಲ ರೋಗಿಗಳಿಗೂ ತಿಂಗಳಿಗೆ 10 ಕೆಜಿಯ ಒಂದು ಗಂಟು ಕೊಟ್ಟರು: 5 ಕೆಜಿ ಅಕ್ಕಿ, 3 ಕೆಜಿ ಹುರಿಗಡಲೆ ಹಿಟ್ಟು, 1.5 ಕೆಜಿ ಹಾಲಿನ ಪುಡಿ, ಅರ್ಧ ಲೀಟರ್ ಎಣ್ಣೆ, ಜೊತೆಗೆ ವಿಟಮಿನ್ ಮಾತ್ರೆ. ಆಮೇಲೆ ಊರುಗಳನ್ನ ಲಾಟರಿ ಎತ್ತಿದ ಹಾಗೆ ಎರಡು ಗುಂಪು ಮಾಡಿ, ಒಂದು ಗುಂಪಿನಲ್ಲಿ ರೋಗಿಯ ಮನೆಯ ದೊಡ್ಡವರಿಗೆಲ್ಲ ತಿಂಗಳಿಗೆ ತಲೆಗೆ 5 ಕೆಜಿ ಅಕ್ಕಿ, ಒಂದೂವರೆ ಕೆಜಿ ಬೇಳೆ, ಚಿಕ್ಕ ಮಕ್ಕಳಿಗೆ ಅದರ ಅರ್ಧ ಕೊಟ್ಟರು. ಇನ್ನೊಂದು ಗುಂಪಿನಲ್ಲಿ ಮನೆಯವರಿಗೆ ಕೊಡಲಿಲ್ಲ. ಆಮೇಲೆ ಎರಡು ಕಡೆಯೂ ಯಾರ್ಯಾರಿಗೆ ಹೊಸದಾಗಿ ಟಿಬಿ ಬರುತ್ತೆ ಅಂತ ಕಾದು ನೋಡಿದರು. ಹೊಸ ಔಷಧ ಇಲ್ಲ, ಹೊಸ ಮಿಷಿನ್ ಇಲ್ಲ.

ಆಹಾರ ಸಿಕ್ಕ ಮನೆಗಳಲ್ಲಿ ಹೊಸ ಟಿಬಿ 39% ಕಮ್ಮಿ. ಕಫದಲ್ಲಿ ರೋಗಾಣು ಖಚಿತವಾಗೋ, ಅಂದರೆ ಇನ್ನೊಬ್ಬರಿಗೆ ಹರಡೋ ಶ್ವಾಸಕೋಶದ ಟಿಬಿ 48% ಕಮ್ಮಿ!

ಈ 48 ಅನ್ನೋ ಸಂಖ್ಯೆ ನೋಡಿ ನಾನು ಸ್ವಲ್ಪ ಹೊತ್ತು ಸುಮ್ಮನೆ ಕೂತೆ. ಜಗತ್ತೆಲ್ಲ ಕಾಯ್ತಿರೋ ಎಂ72 ಅನ್ನೋ ಟಿಬಿ ಲಸಿಕೆ ಇದೆಯಲ್ಲ, ಅದು ಹಿಂದಿನ ಹಂತದ ಪ್ರಯೋಗದಲ್ಲಿ ಕೊಟ್ಟ ರಕ್ಷಣೆಯೂ ಸುಮಾರು ಅರ್ಧದಷ್ಟೇ. ಅದು ಬರಲಿ, ಬೇಕು. ಆದರೆ ಬೇಳೆ ಈಗಲೇ ಶೆಟ್ಟರ ಅಂಗಡಿಯಲ್ಲಿದೆ. ಇದೇ ಫಲಿತಾಂಶ ಒಂದು ಚುಚ್ಚುಮದ್ದಿಗೆ ಬಂದಿದ್ದರೆ ಟೀವಿಯವರು ವಾರಗಟ್ಟಲೆ ಬಿಡ್ತಿರಲಿಲ್ಲ. ಬೇಳೆಗೆ ಬಂತು, ಒಂದು ದಿನದ ಸುದ್ದಿಯಾಗಿ ಹೋಯ್ತು.

ಬೇಳೆಗೂ ಶ್ವಾಸಕೋಶಕ್ಕೂ ಏನು ಸಂಬಂಧ? ನನಗೆ ಅರ್ಥ ಆದಷ್ಟು ಹೇಳ್ತೀನಿ, ಡಾಕ್ಟರುಗಳು ತಿದ್ದಲಿ. ಟಿಬಿ ರೋಗಾಣು ಉಸಿರಿನ ಜೊತೆ ಒಳಗೆ ಹೋದವರಿಗೆಲ್ಲ ರೋಗ ಬರಲ್ಲ. ನಮ್ಮ ರಕ್ಷಣಾ ಕೋಶಗಳು ಅದನ್ನ ಸುತ್ತುವರಿದು, ಒಂದು ಗಂಟು ಕಟ್ಟಿ, ಒಳಗೇ ಕೂಡಿಹಾಕ್ತವೆ. ಕಳ್ಳ ಸತ್ತಿಲ್ಲ, ಆದರೆ ಕೋಟೆಯಿಂದ ಹೊರಗೆ ಬರೋ ಹಾಗಿಲ್ಲ. ಎಷ್ಟೋ ಜನ ಹೀಗೇ ಇಡೀ ಆಯುಷ್ಯ ಕಳೀತಾರೆ, ಅವರಿಗೆ ಗೊತ್ತೇ ಇರಲ್ಲ. ಆದರೆ ಈ ಕಾವಲಿನವರೂ ಪ್ರೋಟೀನಿನಿಂದ ಆದವರೇ. ಅವರು ಹುಟ್ಟಬೇಕು, ದಿನಾ ಮರುಭರ್ತಿ ಆಗಬೇಕು, ಒಬ್ಬರಿಗೊಬ್ಬರು ಸುದ್ದಿ ಮುಟ್ಟಿಸಬೇಕು. ಹೊಟ್ಟೆ ಬರಿದಾದ ಮೈಯಲ್ಲಿ ಈ ಕಾವಲಿನ ಮುಖ್ಯಸ್ಥರಾದ ಟಿ ಕೋಶಗಳ ಸಂಖ್ಯೆಯೂ ಇಳಿಯುತ್ತೆ, ಅವುಗಳ ಕೆಲಸವೂ ಜಡವಾಗುತ್ತೆ. ಪಹರೆಯವನಿಗೆ ಊಟ ಹಾಕದೆ ಕೋಟೆ ಬಾಗಿಲು ಎಷ್ಟು ದಿನ ಕಾಯಿಸ್ತೀರಿ?

ರೋಗ ಶುರುವಾದ ಮೇಲೆ ತಿರುಗಾಮುರುಗಾ. ಹಸಿವಿನಿಂದ ಟಿಬಿ, ಟಿಬಿಯಿಂದ ಹಸಿವೇ ಸಾಯೋದು. ಜ್ವರ ಮೈಯ ಮಾಂಸಖಂಡವನ್ನೇ ಸೌದೆ ಮಾಡಿ ಉರಿಸುತ್ತೆ. ನಮ್ಮ ಹಿರಿಯರು ಇದಕ್ಕೆ ಕ್ಷಯ ಅಂತ ಹೆಸರಿಟ್ಟದ್ದು ಸುಮ್ಮನೆ ಅಲ್ಲ. ದಕ್ಷನ ಶಾಪಕ್ಕೆ ಚಂದ್ರ ದಿನಾ ಒಂದೊಂದು ಕಳೆ ಸವೆದು ಹೋದ ಕಥೆ ಅಜ್ಜಿ ಹೇಳ್ತಿದ್ದರಲ್ಲ, ಅದು ಈ ಕಾಯಿಲೆಯದ್ದೇ, ರಾಜಯಕ್ಷ್ಮ. ಕೆಮ್ಮಿನಿಂದಲ್ಲ, ಸವೆತದಿಂದ ಅದನ್ನ ಗುರುತಿಸಿದ್ದರು. ನಾವು ಇಂಗ್ಲಿಷಿನ ಎರಡಕ್ಷರ ಹಿಡ್ಕೊಂಡು ಸವೆತವನ್ನ ಮರೆತೆವು.

ರೇಷನ್ಸ್‌ನ ಇನ್ನೊಂದು ಭಾಗ ರೋಗಿಗಳದ್ದು. ನನಗೆ ಅದೇ ಹೆಚ್ಚು ಮನಸ್ಸಿಗೆ ನಾಟಿತು. ಚಿಕಿತ್ಸೆ ಶುರುವಾಗೋವಾಗ ಐವರಲ್ಲಿ ನಾಲ್ವರು ಇರಬೇಕಾದ ತೂಕಕ್ಕಿಂತ ಕೆಳಗಿದ್ದರು. ಮೊದಲ ಎರಡು ತಿಂಗಳಲ್ಲಿ ಯಾರ ತೂಕ 5% ಏರಿತೋ ಅವರಲ್ಲಿ ಸಾವಿನ ಅಪಾಯ ಸುಮಾರು 60% ಕಮ್ಮಿ ಕಂಡಿತು. 38 ಕೆಜಿಯವನಿಗೆ 5% ಅಂದರೆ ಎಷ್ಟು? ಎರಡು ಕೆಜಿಯೂ ತುಂಬಲ್ಲ. ಇದನ್ನ ಅಳೆಯೋಕೆ ಲ್ಯಾಬ್ ಬೇಡ, ಬಾತ್‌ರೂಮ್ ತಕ್ಕಡಿ ಸಾಕು. ನಮ್ಮ ಮಾವನ ಚಿಕಿತ್ಸಾ ಕಾರ್ಡಿನಲ್ಲಿ ತೂಕದ ಜಾಗದಲ್ಲಿ ಮೊದಲ ದಿನದ 38 ಬಿಟ್ಟರೆ ಕೊನೆಯವರೆಗೂ ಬೇರೆ ಅಂಕಿ ಬೀಳಲಿಲ್ಲ. ಮಾತ್ರೆ ನುಂಗಿದ ಗುರುತು ಮಾತ್ರ ಒಂದು ದಿನವೂ ತಪ್ಪಿಲ್ಲ. ಮಾವನೇ ರಾಗಿ ಮಿಲ್ಲಿಗೆ ಹೋಗಿ ಮೂಟೆ ತೂಗೋ ತಕ್ಕಡಿ ಮೇಲೆ ನಿಂತು, "ನಲ್ವತ್ತು ದಾಟಿದೀನಿ ಕಣಲೇ" ಅಂತ ಫೋನ್ ಮಾಡಿದ್ದರು.

ಡಾ. ಭಾರ್ಗವ ಅವರಿಗೆ ಈ ಹುಳ ತಲೆಗೆ ಹೊಕ್ಕಿದ್ದು ಜಾರ್ಖಂಡಿನಲ್ಲಿ ಅಲ್ಲ. ಛತ್ತೀಸಗಢದ ಬಿಲಾಸಪುರದ ಹತ್ತಿರ ಗನಿಯಾರಿಯಲ್ಲಿ ಜನ ಸ್ವಾಸ್ಥ್ಯ ಸಹಯೋಗದ ಆಸ್ಪತ್ರೆ ಇದೆ. ಅಲ್ಲಿಗೆ ಬಂದ ಟಿಬಿ ರೋಗಿಗಳ ತೂಕದ ಲೆಕ್ಕವನ್ನ ಅವರ ತಂಡ 2013ರಲ್ಲಿ ಪ್ರಕಟಿಸಿತ್ತು. ಗಂಡಸರ ನಡುಮಟ್ಟದ ತೂಕ 42 ಕೆಜಿ, ಹೆಂಗಸರದ್ದು 34. ಬೆಳೆದ ಹೆಂಗಸರು, ಮೂವತ್ತನಾಲ್ಕು ಕೆಜಿ. ನಾನು ಪಾಠ ಮಾಡೋ ಹೈಸ್ಕೂಲ್ ಹುಡುಗಿಯರಲ್ಲಿ ಎಷ್ಟೋ ಜನ ಅದಕ್ಕಿಂತ ಹೆಚ್ಚು ತೂಗ್ತಾರೆ.

ಹಾಗಾದರೆ ಊಟದ ವಿಷಯ ನಮ್ಮ ವೈದ್ಯಕೀಯದ ಕಡತದಿಂದ ಜಾರಿ ಹೋಗಿದ್ದು ಹೇಗೆ? ಇದರಲ್ಲಿ ಖಳನಾಯಕ ಯಾರೂ ಇಲ್ಲ ಅನ್ನೋದೇ ಬೇಜಾರಿನ ವಿಷಯ. ಮೊದಲೆಲ್ಲ ಟಿಬಿಗೆ ಸ್ಯಾನಟೋರಿಯಂ ಅನ್ನೋ ಆಸ್ಪತ್ರೆ, ಒಳ್ಳೆ ಗಾಳಿ, ಹಾಲು, ಮೊಟ್ಟೆ, ವಿಶ್ರಾಂತಿ. ಮೈಸೂರಿನ ಪಿಕೆಟಿಬಿ ಸ್ಯಾನಟೋರಿಯಂ ನೋಡಿದವರಿಗೆ ಗೊತ್ತು. 1940-50ರ ದಶಕಗಳಲ್ಲಿ ಔಷಧ ಬಂತು, ರೋಗಿಗಳು ಲಕ್ಷಗಟ್ಟಲೆ, ಹಾಸಿಗೆ ಬೆರಳೆಣಿಕೆ. ಆಗ ಮದ್ರಾಸಿನಲ್ಲಿ ಒಂದು ಪ್ರಯೋಗ ಮಾಡಿದರು: ಅರ್ಧ ಜನರಿಗೆ ಸ್ಯಾನಟೋರಿಯಂ, ಅರ್ಧ ಜನರಿಗೆ ತಮ್ಮ ಗುಡಿಸಲಿನಲ್ಲೇ ಇದ್ದುಕೊಂಡು ಅದೇ ಮಾತ್ರೆ. ಗುಡಿಸಲಿನವರ ಊಟ ಕಳಪೆ, ಆದರೂ ವರ್ಷದ ಕೊನೆಗೆ ಇಬ್ಬರೂ ಹೆಚ್ಚುಕಮ್ಮಿ ಸಮವಾಗಿ ಗುಣವಾದರು. 1959ರಲ್ಲಿ ಅದು ಪ್ರಕಟವಾಯ್ತು, ಜಗತ್ತಿನ ಟಿಬಿ ಚಿಕಿತ್ಸೆಯ ದಿಕ್ಕೇ ಬದಲಾಯ್ತು. ಮನೆಯಲ್ಲೇ ಚಿಕಿತ್ಸೆ ಸಾಧ್ಯ ಅಂತ ಅದು ತೋರಿಸಿದ್ದು ಬಡವರಿಗೆ ಮಹದುಪಕಾರ. ಅದರ ಬಗ್ಗೆ ತಕರಾರಿಲ್ಲ. ಆದರೆ "ಊಟ ಕಳಪೆ ಇದ್ದರೂ ಮಾತ್ರೆ ಕೆಲಸ ಮಾಡುತ್ತೆ" ಅನ್ನೋ ಮಾತು ಬಾಯಿಂದ ಬಾಯಿಗೆ ಹೋಗುತ್ತಾ "ಊಟ ಮುಖ್ಯ ಅಲ್ಲ" ಅಂತಾಯ್ತು. ಎರಡೂ ಒಂದೇನಾ?

ನಮ್ಮ ತುಮಕೂರು ಜಿಲ್ಲೆಗೂ ಈ ಇತಿಹಾಸದಲ್ಲಿ ಒಂದು ಪುಟ ಇದೆ. ಬೆಂಗಳೂರಿನ ರಾಷ್ಟ್ರೀಯ ಕ್ಷಯರೋಗ ಸಂಸ್ಥೆಯವರು 1960ರ ದಶಕದ ಶುರುವಿನಲ್ಲಿ ನಮ್ಮ ಹಳ್ಳಿಗಳಲ್ಲಿ ಸಮೀಕ್ಷೆ ಮಾಡಿದರು. ಆ ಸಂಸ್ಥೆಯ ದೇಬಬರ್ ಬ್ಯಾನರ್ಜಿ ಮತ್ತು ಸ್ಟಿಗ್ ಆಂಡರ್ಸನ್ ರೋಗಿಗಳನ್ನೇ ಮಾತಾಡಿಸಿದರು. ಹಳ್ಳಿ ಜನಕ್ಕೆ ತಿಳುವಳಿಕೆ ಇಲ್ಲ, ಆಸ್ಪತ್ರೆಗೆ ಬರಲ್ಲ ಅಂತ ಎಲ್ಲರ ನಂಬಿಕೆ. ಕೇಳಿ ನೋಡಿದರೆ ಅರ್ಧಕ್ಕಿಂತ ಹೆಚ್ಚು ರೋಗಿಗಳು ಆಗಲೇ ತಾವಾಗಿ ಆಸ್ಪತ್ರೆ ಬಾಗಿಲಿಗೆ ಹೋಗಿ ಬಂದಿದ್ದರು! ಅಲ್ಲಿ ಕೊಟ್ಟಿದ್ದು ಕೆಮ್ಮಿನ ಔಷಧ. ಅದು ಪ್ರಕಟವಾಗಿದ್ದು 1963ರಲ್ಲಿ. ನಮ್ಮ ಮಾವ ಎರಡು ಬಾಟಲಿ ಸಿರಪ್ ಕುಡಿದಿದ್ದು 2019ರಲ್ಲಿ.

ಸರ್ಕಾರ ಏನೂ ಮಾಡಿಲ್ಲ ಅಂತ ಹೇಳಿದರೆ ಸುಳ್ಳಾಗುತ್ತೆ. 2018ರ ಏಪ್ರಿಲ್‌ನಿಂದ ನಿಕ್ಷಯ್ ಪೋಷಣ್ ಯೋಜನೆಯಲ್ಲಿ ರೋಗಿಯ ಖಾತೆಗೆ ತಿಂಗಳಿಗೆ 500 ರೂಪಾಯಿ. 2024ರ ನವೆಂಬರಿನಿಂದ ಅದು 1,000. ತೂಕ ಕಮ್ಮಿ ಇರೋರಿಗೆ ವಿಶೇಷ ಪೌಷ್ಟಿಕ ಆಹಾರವೂ ಉಂಟು. ಮಾವನ ದುಡ್ಡು ಖಾತೆಗೆ ಬಿದ್ದಾಗ ಚಿಕಿತ್ಸೆ ನಾಲ್ಕನೇ ತಿಂಗಳಲ್ಲಿತ್ತು, ತೂಕ ಏರಬೇಕಾದ ಮೊದಲ ಎರಡು ತಿಂಗಳು ಕಳೆದು ಹೋಗಿತ್ತು. ಆಧಾರಿನಲ್ಲಿ ಒಂದು ಒತ್ತಕ್ಷರ ತಪ್ಪಂತೆ. ರೋಗಾಣುವಿಗೆ ಕಾಗುಣಿತ ಗೊತ್ತಿಲ್ಲವಲ್ಲ, ಅದು ಕಾಯಲಿಲ್ಲ.

2022ರಿಂದ ನಿಕ್ಷಯ್ ಮಿತ್ರ ಅಂತ ಇನ್ನೊಂದು ಬಂದಿದೆ. ದಾನಿಗಳು ರೋಗಿಯನ್ನ 'ದತ್ತು' ತಗೊಂಡು ಆಹಾರದ ಕಿಟ್ ಕೊಡೋದು. ಮನೆಯವರಿಗೂ ಕಿಟ್ ಕೊಡೋ ಮಾತು 2024ರಲ್ಲಿ ಇದಕ್ಕೆ ಸೇರಿತು, ಅಂದರೆ ಸಂಶೋಧನೆ ಸರ್ಕಾರದ ಕಿವಿ ತಲುಪಿದೆ. ಕೊಡೋರಿಗೆ ನನ್ನ ನಮಸ್ಕಾರ. ಆದರೂ ನನಗೆ ಇದು ಸರಿ ಕಾಣಲ್ಲ. ಟಿಬಿಯ ಮುಖ್ಯ ಔಷಧ ರಿಫಾಂಪಿಸಿನ್, ಆ ಮಾತ್ರೆಗೆ ಯಾರಾದರೂ ದಾನಿ ಹುಡುಕ್ತಾರಾ? ಕೇಸ್ ಬಂದ ದಿನ ಮಾತ್ರೆ ಸ್ಟಾಕಿನಲ್ಲಿ ಇರುತ್ತೆ, ಇರಬೇಕು. ಬೇಳೆಯೂ ಚಿಕಿತ್ಸೆ ಅಂತ ಒಪ್ಪಿಕೊಂಡ ಮೇಲೆ ಅದು ಯಾರೋ ಪುಣ್ಯಾತ್ಮರ ಹುಟ್ಟುಹಬ್ಬಕ್ಕೆ ಕಾಯೋದು ಯಾಕೆ? ಕಿಟ್ ಹಿಡಿದು ಫೋಟೋಕ್ಕೆ ನಿಲ್ಲಿಸಿದರೆ ಊರಿಗೆಲ್ಲ ಗೊತ್ತಾಗುತ್ತೆ ಅಂತ ಕಿಟ್ಟೇ ಬೇಡ ಅಂದವರನ್ನ ನಾನು ಬಲ್ಲೆ. ಮಗಳಿಗೆ ಗಂಡು ನೋಡ್ತಿದ್ದರು.

ಕಮೆಂಟಿನಲ್ಲಿ ಏನು ಬರುತ್ತೆ ಅಂತ ಗೊತ್ತು. "ಸಾರ್, ಶ್ರೀಮಂತರಿಗೂ ಬರುತ್ತೆ." ಬರುತ್ತೆ. ಸಕ್ಕರೆ ಕಾಯಿಲೆ, ಬೀಡಿ, ಕುಡಿತ, ಎಚ್‌ಐವಿ, ಎಲ್ಲವೂ ಟಿಬಿಗೆ ಬಾಗಿಲು ತೆರೀತವೆ. ಆದರೆ ಜಗತ್ತಿನ ಟಿಬಿಯ ಸುಮಾರು ಕಾಲುಭಾಗ ನಮ್ಮ ದೇಶದಲ್ಲೇ ಯಾಕೆ ಅಂತ ಕೇಳಿದರೆ ಅಪೌಷ್ಟಿಕತೆಯ ಹೆಸರು ಹೇಳದೆ ಮುಂದೆ ಹೋಗೋಕಾಗಲ್ಲ. ಇನ್ನೊಬ್ಬರು "ಮಾತ್ರೆ ಬಿಟ್ಟು ನಾಟಿ ಕೋಳಿ ಸಾರು ಕುಡೀರಿ" ಅಂತ ಬರೀತಾರೆ. ದಯವಿಟ್ಟು ಬೇಡ. ರೇಷನ್ಸ್‌ನಲ್ಲಿ ಎಲ್ಲ ರೋಗಿಗಳಿಗೂ ಮಾತ್ರೆಯ ಚಿಕಿತ್ಸೆ ನಡೆದೇ ಇತ್ತು. ಊಟ ಮಾತ್ರೆಯ ಜೊತೆಗೆ, ಬದಲಿಗಲ್ಲ. ಖಾಲಿ ಹೊಟ್ಟೆಗೆ ಟೀ ಬಿಸ್ಕತ್ತು ಹಾಕಿ ಮಾತ್ರೆ ನುಂಗಿ ವಾಂತಿ ಮಾಡ್ಕೊಂಡು, ಅದಕ್ಕೇ ಮಾತ್ರೆ ಬಿಟ್ಟವರೂ ಇದ್ದಾರೆ.

ಒಂದು ಅನುಮಾನ ನನ್ನದು. ಮನೆಯವರಿಗೆ ಆಹಾರ ಕೊಡದ ಗುಂಪಿನಲ್ಲೂ ರೋಗಿಗೆ ಗಂಟು ಹೋಗ್ತಿತ್ತಲ್ಲ. ಅಲ್ಲೂ ಎಷ್ಟು ಮಾವಂದಿರು ಹುರಿಗಡಲೆ ಹಿಟ್ಟನ್ನ ಪಾಲು ಮಾಡಿರಬಹುದು? ಹಾಗಾಗಿದ್ದರೆ ನಿಜವಾದ ವ್ಯತ್ಯಾಸ 39ಕ್ಕಿಂತ ಹೆಚ್ಚೇ ಇರಬೇಕು. ಇದು ಬರೀ ಊಹೆ, ಪುರಾವೆ ಇಲ್ಲ.

ಮಾವ ಗುಣವಾದರು. ಆದರೆ 2020ರ ಕೊನೆಗೆ ಅತ್ತೆಗೆ ಕೆಮ್ಮು ಶುರುವಾಯ್ತು. ಈ ಸಲ ಸಿರಪ್ಪಿಗೆ ಹೋಗದೆ ನೇರ ಕಫ ಪರೀಕ್ಷೆ ಮಾಡಿಸಿದೆವು, ಪಾಸಿಟಿವ್. ಮೊಟ್ಟೆ ಕಮ್ಮಿಯಾಗಿದ್ದಕ್ಕೇ ಬಂತು ಅಂತ ಹೇಳೋಕೆ ನಾನು ಯಾರು? ಒಂದು ಮನೆಯ ಕಥೆಯಿಂದ ಅಷ್ಟು ದೊಡ್ಡ ಗಂಟು ಹಾಕೋಕಾಗಲ್ಲ. ಆದರೆ ಆ ಮೂರು ಪಾಲಿನಲ್ಲಿ ಅತ್ತೆಯ ಪಾಲು ಇರಲಿಲ್ಲ ಅನ್ನೋದು ನನಗೆ ಹೊಳೆದಿದ್ದು ಆವಾಗ.

ಅವರೂ ಈಗ ಚೆನ್ನಾಗಿದ್ದಾರೆ. ಮೊನ್ನೆ ಊರಿಗೆ ಹೋಗಿದ್ದಾಗ ಕೂತು ಲೆಕ್ಕ ಹಾಕಿದೆ. ಮಾವನನ್ನ ಬಿಟ್ಟು ಮನೆಯಲ್ಲಿ ಐದು ಜನ. ಎಲ್ಲರನ್ನೂ ದೊಡ್ಡವರು ಅಂತಲೇ ಹಿಡಿದರೆ ರೇಷನ್ಸ್ ಲೆಕ್ಕದಲ್ಲಿ ತಿಂಗಳಿಗೆ 25 ಕೆಜಿ ಅಕ್ಕಿ, ಏಳೂವರೆ ಕೆಜಿ ಬೇಳೆ. ಅಕ್ಕಿಗೆ ಅವರಿಗೆ ಯಾವತ್ತೂ ಅಷ್ಟು ತೊಂದರೆ ಇರಲಿಲ್ಲ, ಸೊಸೈಟಿಯಿಂದ ಬರ್ತಿತ್ತು. ಆವಾಗ ತಿಂಗಳಿಗೆ ಎಷ್ಟು ಬೇಳೆ ತರ್ತಿದ್ರಿ ಅಂತ ಕೇಳಿದೆ. ಅತ್ತೆ ಮೊರದಲ್ಲಿ ಹುರುಳಿ ಕೇರ್ತಾ, ತಲೆ ಎತ್ತದೆ ಹೇಳಿದರು: "ಒಂದೂವರೆ ಕೆಜಿ. ಹಬ್ಬ ಬಂದ್ರೆ ಎರಡು."