ಬೆಂಗೇರಿಗೂ ಈದ್ಗಾ ಮೈದಾನಕ್ಕೂ ನಡುವೆ

ಪರಿಚಯದ ಹುಡುಗನೊಬ್ಬ ಹುಬ್ಬಳ್ಳಿಯ ಬಗ್ಗೆ ಸಾಕ್ಷ್ಯಚಿತ್ರ ಮಾಡುತ್ತಿದ್ದಾನೆ, ವಿಷಯ, ರಾಷ್ಟ್ರೀಯತೆ. ಅವನು ಈವರೆಗೆ ಚಿತ್ರೀಕರಿಸಿದ್ದನ್ನು ನೋಡಿದೆ. ಬಹುಪಾಲು ಈದ್ಗಾ ಮೈದಾನವೇ. 1994ರ ಆಗಸ್ಟ್ 15ರಂದು ಅಲ್ಲಿ ಬಾವುಟ ಹಾರಿಸುವ ವಿವಾದ ಗೋಲಿಬಾರ್‌ವರೆಗೆ ಹೋಗಿ ಜೀವಗಳು ಹೋದವು. ಮೈದಾನ ಪಾಲಿಕೆಯದೆಂದು ಸುಪ್ರೀಂ ಕೋರ್ಟ್ ಹೇಳಿದ್ದು 2010ರಲ್ಲಿ. ಇದೆಲ್ಲ ಚಿತ್ರದಲ್ಲಿ ಇರಲೇಬೇಕು. ಆದರೆ ಅದೇ ಊರಿನ ಬೆಂಗೇರಿಯಲ್ಲಿ, ಖಾದಿ ಗ್ರಾಮೋದ್ಯೋಗ ಸಂಯುಕ್ತ ಸಂಘದಲ್ಲಿ, ಆ ಬಾವುಟವನ್ನು ಹೊಲಿಯುವ ಹೆಣ್ಣುಮಕ್ಕಳಿಗೆ ಅವನು ಎರಡು ನಿಮಿಷವನ್ನೂ ಕೊಟ್ಟಿಲ್ಲ. ಕೇಳಿದರೆ, “ಅಲ್ಲಿ ಹೊಲಿಯೋದು ಬಿಟ್ರ ಮತ್ತೇನೈತ್ರೀ ಸರ್?” ಎಂದ.

ನನ್ನ ತಕರಾರು ಇರುವುದು ಇಲ್ಲಿಯೇ. ಅಶೋಕಚಕ್ರದ 24 ಗೆರೆಗಳು ಬಟ್ಟೆಯ ಎರಡೂ ಬದಿಯಲ್ಲಿ ಸರಿಯಾಗಿ ಕೂರಬೇಕೆಂದು ಬೆಳಗಿನಿಂದ ಸಂಜೆಯವರೆಗೆ ಕಣ್ಣು ನೆಟ್ಟು ಕೂರುವವರಿಗೆ ದೇಶವೆಂದರೆ ಏನು, ಕೂಲಿ ಎಷ್ಟು, ಗಲಾಟೆಯ ದಿನ ಅವರು ಮನೆಗೆ ಹೇಗೆ ತಲುಪಿದರು ಎಂಬುದನ್ನು ಯಾರಾದರೂ ಕುಳಿತು ಕೇಳಬೇಡವೇ? 2021ರ ಡಿಸೆಂಬರ್‌ನಲ್ಲಿ ಧ್ವಜಸಂಹಿತೆ ತಿದ್ದುಪಡಿಯಾಗಿ ಯಂತ್ರದ ಪಾಲಿಯೆಸ್ಟರ್ ಬಾವುಟಕ್ಕೂ ಒಪ್ಪಿಗೆ ಸಿಕ್ಕಿತು, ಖಾದಿಯವರು ಪ್ರತಿಭಟಿಸಿದರು. ಬಾವುಟಕ್ಕಾಗಿ ಮೈದಾನಕ್ಕೆ ನುಗ್ಗಿದವರಲ್ಲಿ ಎಷ್ಟು ಮಂದಿ ಆಗ ಇವರ ಪಕ್ಕದಲ್ಲಿ ನಿಂತರು ಎಂಬ ಪ್ರಶ್ನೆಯೊಂದೇ ಒಂದು ಚಿತ್ರಕ್ಕೆ ಸಾಕು.

ಅಯೋಧ್ಯೆಯ ರಾಮಮಂದಿರ ಚಳವಳಿಯ ಬಗ್ಗೆ ಆನಂದ ಪಟವರ್ಧನ್ ಮಾಡಿದ 1992ರ ಸಾಕ್ಷ್ಯಚಿತ್ರ ‘ರಾಮ್ ಕೆ ನಾಮ್’ನಲ್ಲಿ ನನಗೆ ಉಳಿದಿರುವುದು ರಥಯಾತ್ರೆಯ ಗದ್ದಲವಲ್ಲ, ನ್ಯಾಯಾಲಯ ನೇಮಿಸಿದ್ದ ಅರ್ಚಕ ಲಾಲದಾಸರು ದನಿ ಏರಿಸದೆ ಆ ಚಳವಳಿಯನ್ನು ರಾಜಕೀಯವೆಂದು ಹೇಳುವ ಗಳಿಗೆ. ಮರುವರ್ಷ ಅವರ ಕೊಲೆಯಾಯಿತು. ನಿರ್ದೇಶಕ ಅವರ ಬಳಿ ಹೋಗಿ ಕುಳಿತಿದ್ದರಿಂದ ಆ ಮಾತು ಇಂದಿಗೂ ಕೇಳಿಸುತ್ತದೆ. (ರಾಮ ಹುಟ್ಟಿದ ಕಾಲ ಯಾವುದೆಂದು ಕೇಳಿ ಹುಡುಗರನ್ನು ತಡವರಿಸುವಂತೆ ಮಾಡುವ ಭಾಗ ನನಗೆ ಅಷ್ಟು ಹಿಡಿಸಲಿಲ್ಲ, ಎದುರಿನವನನ್ನು ನಗೆಪಾಟಲು ಮಾಡುವುದು ಸುಲಭ.) ಹಾಗೆಂದು ಬೆಂಗೇರಿಯ ಹೆಂಗಸರನ್ನು ತಾಯಿ ಭಾರತಿಯರನ್ನಾಗಿ ಮಾಡಿ, ಹೊಲಿಗೆ ಯಂತ್ರದ ಸದ್ದಿನ ಮೇಲೆ ಕೊಳಲು ಹಾಕುವುದೂ ಬೇಡ, ಅವರಲ್ಲಿ ಮೈದಾನದಲ್ಲಿ ಬಾವುಟ ಹಾರಿಸಹೊರಟವರ ಕಡೆಯವರೂ ಇರಬಹುದು, ವಿರೋಧಿಗಳೂ ಇರಬಹುದು, ಎರಡೂ ಗೊಡವೆ ಬೇಡವೆನ್ನುವವರೂ ಇರಬಹುದು.

ಹುಡುಗ ಸೋಮವಾರ ಬೆಂಗೇರಿಗೆ ಹೋಗುತ್ತೇನೆ ಎಂದಿದ್ದಾನೆ. ಮೊದಲ ದಿನ ಕ್ಯಾಮೆರಾ ಒಯ್ಯಬೇಡ, ಮಧ್ಯಾಹ್ನ ಬುತ್ತಿ ಬಿಚ್ಚುವ ಹೊತ್ತಿಗೆ ಹೋಗು ಎಂದು ಹೇಳಿ ಕಳಿಸಿದ್ದೇನೆ.