ಆ ಸದ್ದು ಲ್ಯಾಪ್‌ಟಾಪಿನಲ್ಲಿ ಕೇಳುವುದಿಲ್ಲ

ನಿರ್ದೇಶಕ ಗ್ಯಾಸ್ಪರ್ ನೋಯೆಯ ‘ಇರ್ರಿವರ್ಸಿಬಲ್’ (2002) ಚಿತ್ರ ನೋಡುವಾಗ ಹೊಟ್ಟೆ ತೊಳಸುವುದು ಇನ್‌ಫ್ರಾಸೌಂಡಿನಿಂದ ಎಂದು ಬರೆದಿದ್ದೀರಿ. ಅರ್ಧ ಸರಿ. ಮೊದಲ ಅರ್ಧ ಗಂಟೆ ಹಿನ್ನೆಲೆಯಲ್ಲಿ ಬೆರೆಸಿರುವ ಗುಂಯ್‌ಗುಡುವ ಸದ್ದು ಸುಮಾರು 27-28 ಹರ್ಟ್ಸ್. ಇನ್‌ಫ್ರಾಸೌಂಡ್ ಅನ್ನುವುದು 20 ಹರ್ಟ್ಸ್‌ಗಿಂತ (ಸೆಕೆಂಡಿಗೆ 20 ಕಂಪನ) ಕೆಳಗಿನ ಸದ್ದಿಗೆ. ಇದು ಕಿವಿಗೆ ಅರೆಬರೆ ಕೇಳಿಸುತ್ತದೆ, ಎದೆಗೆ ಹೆಚ್ಚು ತಟ್ಟುತ್ತದೆ. ಫೋನು, ಲ್ಯಾಪ್‌ಟಾಪಿನ ಪುಟ್ಟ ಸ್ಪೀಕರು ಅಷ್ಟು ಕೆಳಗೆ ಇಳಿಯುವುದೇ ಇಲ್ಲ. ತಗ್ಗಿನ ಸದ್ದಿಗೆಂದೇ ಇರುವ ಸಬ್‌ವೂಫರ್ ಸ್ಪೀಕರು ಬೇಕು, ಅದೂ 25 ಹರ್ಟ್ಸ್‌ವರೆಗೆ ಇಳಿಯುವಂಥದ್ದು. ಅದಿಲ್ಲದೆಯೂ ತಲೆ ತಿರುಗಿತೆಂದರೆ ಅದು ಗಿರಗಿರ ಸುತ್ತುವ ಕ್ಯಾಮೆರಾದ ಕೆಲಸ.

ನೀವು ಮುಟ್ಟದೆ ಬಿಟ್ಟದ್ದು ದೃಶ್ಯಗಳ ಹಿಮ್ಮುಖ ಜೋಡಣೆ. ಬೆಂಕಿ ನಂದಿಸುವ ಸಿಲಿಂಡರಿನಿಂದ ತಲೆ ಜಜ್ಜುವ ಸೇಡು ಮೊದಲೇ ಬಂದುಬಿಡುತ್ತದೆ. ಅದಕ್ಕೆ ಕಾರಣವಾದ, ಅಲೆಕ್ಸ್ ಎಂಬವಳ ಮೇಲಿನ ಅತ್ಯಾಚಾರ ಕಾಣುವುದು ಆಮೇಲೆ. ಕಾರಣವೇ ಗೊತ್ತಿಲ್ಲದಿರುವಾಗ ಪ್ರೇಕ್ಷಕ ಶಿಳ್ಳೆ ಹೊಡೆಯುವುದು ಹೇಗೆ? ಸತ್ತವನು ಅತ್ಯಾಚಾರಿಯೂ ಅಲ್ಲ, ಆ ಅತ್ಯಾಚಾರಿ ಪಕ್ಕದಲ್ಲೇ ನಿಂತು ನೋಡುತ್ತಿರುತ್ತಾನೆ! ಪಾರ್ಟಿಯಲ್ಲಿ ಪ್ರಿಯಕರ ಮಾರ್ಕುಸ್ ಅಮಲೇರಿ ಮೈಮರೆತದ್ದಕ್ಕೇ ಅಲೆಕ್ಸ್ ಬೇಸತ್ತು ಒಬ್ಬಳೇ ಹೊರಟಳು ಎಂಬುದು ತಿಳಿಯುವುದು ಎಷ್ಟೋ ಹೊತ್ತಿನ ಮೇಲೆ. ಅವನ ತಪ್ಪಿತಸ್ಥ ಭಾವ ಆಗ ನಮಗೆ ಹಿಂದಿನಿಂದ ಬಂದು ಹೊಡೆಯುತ್ತದೆ.

2019ರಲ್ಲಿ ನೋಯೆಯೇ ಕಾಲಕ್ರಮದಲ್ಲಿ ಜೋಡಿಸಿದ ಆವೃತ್ತಿ ಬಂತು. ಮೊದಲಿಗೆ ಅದನ್ನು ನೋಡಬೇಡಿ. ಸೇಡು ಕೊನೆಗೆ ಬಂದದ್ದೇ ತಡ, ಚಿತ್ರ ಮಾಮೂಲಿ ಸೇಡಿನ ಕತೆಯತ್ತ ಜಾರುತ್ತದೆ.