ಟಕೀಲಾಗೂ ಮುಂಚೆ ಪಾನಕ

ಮಾರ್ಗರಿಟಾ ಅಂದರೆ ಟಕೀಲಾ ಎಂಬ ಮೆಕ್ಸಿಕೋದ ಮದ್ಯಕ್ಕೆ ನಿಂಬೆರಸ, ಕಿತ್ತಳೆ ರುಚಿಯ ಸಿಹಿ ಮದ್ಯ ಸೇರಿಸಿ ಮಾಡುವ ಪಾನೀಯ. ಪಾಪಸುಕಳ್ಳಿ ಹಣ್ಣಿನ ಮಾರ್ಗರಿಟಾವನ್ನು ಮನೆಯಲ್ಲಿ ಮಾಡಬೇಕು ಅಂದರೆ ಮೊದಲು ಪಾನಕ ಮಾಡೋಕೆ ಬರಬೇಕು. ಅಮೆರಿಕದ ಅರಿಜೋನಾದಲ್ಲಿ ಇದನ್ನು ಹೇಳಿದರೆ ಜನ ನಗುತ್ತಾರೆ. ಶಿರಸಿಯಲ್ಲಿ ಹೇಳಿದರೆ ಬೈಯುತ್ತಾರೆ. ಎರಡೂ ಕಡೆ ನಾನು ಇದನ್ನೇ ಹೇಳುತ್ತಾ ಬಂದಿದ್ದೇನೆ.

ನಾನಿರುವುದು ಟೂಸಾನ್ ಊರಿನಲ್ಲಿ. ಸೊನೊರಾ ಮರುಭೂಮಿ ಅದು. ಪಾಪಸುಕಳ್ಳಿ ಇಲ್ಲಿ ಬೀದಿ ಬದಿಯಲ್ಲಿ, ಮನೆ ಮುಂದೆ, ಬೆಟ್ಟದ ಮೇಲೆ, ಎಲ್ಲೆಲ್ಲೂ ಇದೆ. ಆಗಸ್ಟ್-ಸೆಪ್ಟೆಂಬರ್‌ನಲ್ಲಿ ಚಪ್ಪಟೆ ಹಸಿರು ಹಾಳೆಗಳ ಅಂಚಿಗೆ ಸಾಲಾಗಿ ಕಡುಗೆಂಪು ಹಣ್ಣು ಕೂರುತ್ತವೆ. ಊರಿನ ಹೋಟೆಲುಗಳಲ್ಲಿ ಮಾತ್ರ ಇದರ ಮಾರ್ಗರಿಟಾ ವರ್ಷವಿಡೀ ಸಿಗುತ್ತದೆ. ಗುಲಾಬಿ ಬಣ್ಣ, ಅಂಚಿಗೆ ಉಪ್ಪು, ಪಕ್ಕದಲ್ಲೊಂದು ನಿಂಬೆ ಹೋಳು. ನೋಡೋಕೆ ಚೆಂದ. ಕುಡಿದರೆ ಬರೀ ಸಕ್ಕರೆ.

ಕಾರಣ ದೊಡ್ಡದೇನಲ್ಲ. ಈ ಹಣ್ಣಿನಲ್ಲಿ ಹುಳಿ ಇಲ್ಲವೇ ಇಲ್ಲ ಅನ್ನಬಹುದು. ಬಣ್ಣ ಧಾರಾಳ, ಸಿಹಿ ಹಿತವಾಗಿ, ರುಚಿ ಕಲ್ಲಂಗಡಿಗೆ ಹತ್ತಿರ. ಅಂಥ ಹಣ್ಣಿಗೆ ಸಕ್ಕರೆ ಸುರಿದು ಸಿರಪ್ ಮಾಡುತ್ತಾರೆ. ಅದರ ಮೇಲೆ ಕಿತ್ತಳೆ ಲಿಕ್ಕರ್ ಹಾಕುತ್ತಾರೆ, ಅದೂ ಸಿಹಿಯೇ. ಕೊನೆಗೆ ನಿಂಬೆ ನಾಲ್ಕು ಹನಿ. ಸಿಹಿಯ ಮೇಲೆ ಸಿಹಿ ಕೂತರೆ ಟಕೀಲಾದ ಖಾರವೇ ಕಾಣುವುದಿಲ್ಲ. ಪಾನೀಯವನ್ನು ಬಾಟಲಿಯಿಂದ ಶುರು ಮಾಡಿದರೆ ಹೀಗೇ ಆಗೋದು.

ನಮ್ಮ ಘಟ್ಟದ ಮೇಲಿನ ಮನೆಗಳಲ್ಲಿ ಮುರುಗಲು (ಕೋಕಂ, ಪುನರ್ಪುಳಿ) ಹಣ್ಣಿನ ಕೆಲಸ ನೋಡಿ. ಏಪ್ರಿಲ್-ಮೇ ತಿಂಗಳು. ಹಣ್ಣು ಒಡೆದು, ಬೀಜ ತೆಗೆದು, ಸಿಪ್ಪೆಯ ಬಟ್ಟಲಿಗೆ ಸಕ್ಕರೆ ತುಂಬಿ ಭರಣಿಯಲ್ಲಿ ಒಂದರ ಮೇಲೊಂದು ಜೋಡಿಸುತ್ತಾರೆ. ಬಾಯಿಗೆ ಬಟ್ಟೆ ಕಟ್ಟಿ ಕೆಲವು ದಿನ ಬಿಸಿಲಿಗಿಡುತ್ತಾರೆ. ಒಲೆ ಬೇಡ. ಸಕ್ಕರೆಯೇ ರಸವನ್ನು ಎಳೆದುಕೊಳ್ಳುತ್ತದೆ. ಬೀಜವನ್ನೂ ಎಸೆಯುವುದಿಲ್ಲ, ಅದರಿಂದ ಮುರುಗಲು ತುಪ್ಪ ತೆಗೆಯುತ್ತಾರೆ, ಚಳಿಗಾಲದಲ್ಲಿ ಒಡೆದ ಹಿಮ್ಮಡಿಗೆ ಅದೇ ಮದ್ದು. ಆ ರಸಕ್ಕೆ ತಣ್ಣೀರು, ಚಿಟಿಕೆ ಉಪ್ಪು, ಜೀರಿಗೆ ಪುಡಿ. ಹುಳಿ, ಸಿಹಿ, ಉಪ್ಪು ಮೂರೂ ನಾಲಿಗೆಗೆ ಸಿಗಬೇಕು. ಒಂದು ಕಡಿಮೆಯಾದರೂ ಆಯಿ ಲೋಟ ವಾಪಸ್ ತಗೊಂಡು ಸರಿ ಮಾಡಿಯೇ ಕೊಡುತ್ತಿದ್ದಳು.

ಪಾಪಸುಕಳ್ಳಿಗೂ ಇದೇ ಬೇಕು ಅನ್ನೋದು ನನ್ನ ವಾದ. ಟೂಸಾನಿನಲ್ಲಿ ಬಹಳ ಮಂದಿ ಹಣ್ಣನ್ನು ಗಂಟೆಗಟ್ಟಲೆ ಕುದಿಸುತ್ತಾರೆ. ಕುದಿಸಿದಷ್ಟೂ ಬಣ್ಣ ಕಂದುತ್ತದೆ, ಹಸಿ ಹಣ್ಣಿನ ಪರಿಮಳ ಹಾರುತ್ತದೆ. ಇಡೀ ಹಣ್ಣನ್ನು ರಾತ್ರಿ ಫ್ರೀಜರಿನಲ್ಲಿಟ್ಟರೆ ಸಾಕು. ಬೆಳಗ್ಗೆ ಜರಡಿಗೆ ಬಿಳಿ ಪಂಚೆಯ ತುಂಡು ಹಾಸಿ, ಅದರ ಮೇಲೆ ಹಣ್ಣನ್ನು ಹೋಳು ಮಾಡಿ ಬಿಟ್ಟರೆ ಕರಗುತ್ತಾ ಕರಗುತ್ತಾ ತಾನೇ ರಸ ಬಿಡುತ್ತದೆ. ಹಿಮ ಕಟ್ಟುವಾಗ ಹಣ್ಣಿನ ಒಳಗಿನ ಕೋಶಗಳು ಒಡೆದಿರುತ್ತವೆ, ಅದಕ್ಕೇ. ಆ ರಸಕ್ಕೆ ಸಮಸಮ ಸಕ್ಕರೆ ಹಾಕಿ ಕರಗುವವರೆಗೂ ಕಲಸಿ. ಬೇಕಾದರೆ ಉಗುರುಬೆಚ್ಚಗೆ ಮಾಡಿ. ಕುದಿ ಮಾತ್ರ ಬರಬಾರದು.

ಮುಳ್ಳಿನ ಬಗ್ಗೆ ಒಂದು ಮಾತು. ದೊಡ್ಡ ಮುಳ್ಳು ಕಣ್ಣಿಗೆ ಕಾಣುತ್ತದೆ, ಅದರ ಭಯ ಇಲ್ಲ. ಹಣ್ಣಿನ ಮೈಮೇಲೆ ಚುಕ್ಕಿ ಚುಕ್ಕಿಯಾಗಿ ಕೂತಿರುವ ಕೂದಲಿನಂಥ ಮುಳ್ಳೇ ಅಪಾಯದ್ದು. ತುದಿಯಲ್ಲಿ ಕೊಕ್ಕೆ ಇರುತ್ತದೆ, ಚರ್ಮಕ್ಕೆ ಹೊಕ್ಕರೆ ಬರುವುದಿಲ್ಲ. ಹಣ್ಣನ್ನು ಕೈಯಲ್ಲಿ ಮುಟ್ಟಲೇಬೇಡಿ, ಇಕ್ಕಳದಲ್ಲೇ ಕೀಳಿ, ಇಕ್ಕಳದಲ್ಲೇ ಹಿಡಿದು ಗ್ಯಾಸ್ ಉರಿಯ ಮೇಲೆ ತಿರುಗಿಸಿ. ಮುಳ್ಳು ಚಟಚಟ ಸುಟ್ಟುಹೋಗುತ್ತದೆ. ಮೇಲೆ ಮೇಲೆ ಸುಟ್ಟರೆ ಸಾಕು, ಹಣ್ಣು ಬೇಯುವಷ್ಟು ಬೇಡ. ಆಮೇಲೆ ತೊಳೆದು ಫ್ರೀಜರಿಗೆ. ರಸವನ್ನು ಬಟ್ಟೆಯಲ್ಲಿ ಎರಡು ಸಲ ಸೋಸಿ. ಇದರಲ್ಲಿ ಸೋಮಾರಿತನ ಮಾಡಿದರೆ ಗಂಟಲಿಗೆ ಮುಳ್ಳು.

ಒಂದು ಬೇಸಿಗೆಯಲ್ಲಿ ಈ ಸಿರಪ್ಪನ್ನು ಊರಿಗೆ ತಂದಿದ್ದೆ. ಕಾರವಾರದಲ್ಲಿರುವ ಚಿಕ್ಕಮ್ಮ ಬಾಟಲಿಯನ್ನು ಕಿಟಕಿಯ ಬೆಳಕಿಗೆ ಹಿಡಿದು, "ಎಂತದೋ ತಮಾ ಇದು, ಬೀಟ್‌ರೂಟ್ ನೀರಾ?" ಅಂದಳು. ಎಲ್ಲರೂ ನಕ್ಕರು. ಆದರೆ ಅವಳು ಹೇಳಿದ್ದು ತಪ್ಪಲ್ಲ. ಬೀಟ್‌ರೂಟಿಗೂ ಪಾಪಸುಕಳ್ಳಿ ಹಣ್ಣಿಗೂ ಬಣ್ಣ ಕೊಡುವುದು ಬೀಟಲೇನ್ ಎಂಬ ಒಂದೇ ಗುಂಪಿನ ವಸ್ತು. ಮುರುಗಲಿನ ಕೆಂಪು ಬೇರೆ, ಅದು ಆಂಥೋಸಯಾನಿನ್. ಈ ಎರಡೂ ಒಂದೇ ಗಿಡದಲ್ಲಿ ಒಟ್ಟಿಗೆ ಇರುವುದಿಲ್ಲ. ಬಿಸಿಗೆ ಕಂದುವುದು ಈ ಬೀಟಲೇನ್‌ನ ಗುಣ. ಮುರುಗಲು ನೀರಿಗೆ ಅಡುಗೆ ಸೋಡಾ ಹಾಕಿ ನೋಡಿ, ಕೆಂಪು ಹೋಗಿ ಬಣ್ಣವೇ ಬದಲಾಗುತ್ತದೆ. ಕಾರವಾರದ ಊಟದಲ್ಲಿ ಸೋಲಕಡಿ ಎಂಬ ಮುರುಗಲಿನ ಪಾನೀಯಕ್ಕೆ ತೆಂಗಿನ ಹಾಲು ಬಿದ್ದಾಗ ಕಡುಗೆಂಪು ಇಳಿದು ತಿಳಿಗುಲಾಬಿ ಆಗುತ್ತದಲ್ಲ, ಅದನ್ನು ನೋಡೋಕೇ ನನಗೆ ಖುಷಿ.

ಪಾಪಸುಕಳ್ಳಿ ನಮಗೇನು ಹೊಸದಲ್ಲ. ಶಿರಸಿಯ ಮಳೆಗೆ ಅದು ಒಗ್ಗುವುದಿಲ್ಲ, ಆದರೆ ಘಟ್ಟ ಬಿಟ್ಟು ಬಯಲುಸೀಮೆಗೆ ಹೋದರೆ ಹೊಲದ ಬೇಲಿಯಲ್ಲಿ ಸಿಗುತ್ತದೆ. ಅದರ ಪಕ್ಕದಲ್ಲೇ ಕತ್ತಾಳೆ. ಟಕೀಲಾ ಮಾಡುವ ಅಗಾವೆ ಗಿಡ ಈ ಕತ್ತಾಳೆಯ ಹತ್ತಿರದ ನೆಂಟ. ಅಂದರೆ ಈ ಪಾನೀಯಕ್ಕೆ ಬೇಕಾದ ಎರಡು ಮುಖ್ಯ ಗಿಡದ ನೆಂಟರೂ ನಮ್ಮ ಬೇಲಿಯಲ್ಲಿದ್ದಾರೆ, ಇಬ್ಬರೂ ಅಮೆರಿಕ ಖಂಡದಿಂದ ಬಂದವರು. ಕಳ್ಳಿಯ ಕಥೆ ಇನ್ನೂ ತಮಾಷೆಯದು. ಅದರ ಮೇಲೆ ಬದುಕುವ ಕೊಚಿನೀಲ್ ಹುಳದಿಂದ ಬೆಲೆಬಾಳುವ ಕೆಂಪು ಬಣ್ಣ ಸಿಗುತ್ತದೆ ಅಂತ 1795ರಲ್ಲಿ ಬ್ರೆಜಿಲ್‌ನಿಂದ ಆ ಹುಳವನ್ನು ಇಂಡಿಯಾಕ್ಕೆ ತರಿಸಿದರು. ಬಂದದ್ದು ಬೇರೆ ಜಾತಿಯ ಹುಳ. ಒಳ್ಳೆ ಬಣ್ಣ ಕೊಡಲಿಲ್ಲ, ಕಳ್ಳಿಯನ್ನೇ ತಿಂದು ಮುಗಿಸಿತು. ಕಳೆ ಗಿಡವನ್ನು ಹುಳ ಬಿಟ್ಟು ಕೊಲ್ಲಬಹುದು ಅಂತ ಗೊತ್ತಾಗಿದ್ದು ಹಾಗೆ. 1926ರಲ್ಲಿ ಇನ್ನೊಂದು ಜಾತಿಯ ಹುಳವನ್ನು ಬೇಕಂತಲೇ ತಂದು ದಕ್ಷಿಣದ ಕಳ್ಳಿಯ ಮೇಲೆ ಬಿಟ್ಟರು.

ಸರಿ, ಪಾನಕಕ್ಕೆ ಬರೋಣ. ಒಂದು ಲೋಟಕ್ಕೆ 30 ಮಿಲಿ ಸಿರಪ್, 30 ಮಿಲಿ ನಿಂಬೆರಸ, 60 ಮಿಲಿ ತಣ್ಣೀರು, ಚಿಟಿಕೆ ಉಪ್ಪು. ಕಲಸಿ ರುಚಿ ನೋಡಿ. ಇದು ಹಾಗೆಯೇ ಕುಡಿಯೋಕೆ ಚೆನ್ನಾಗಿರಬೇಕು. ಇಲ್ಲದಿದ್ದರೆ ನಿಂಬೆಯನ್ನೋ ಸಿರಪ್ಪನ್ನೋ ಸರಿ ಮಾಡಿ, ಮುಂದೆ ಹೋಗಬೇಡಿ. ಹದ ಸಿಕ್ಕಿತು ಅಂದಮೇಲೆ ಮದ್ಯ ಬೇಕಾದವರಿಗೆ ಆ 60 ಮಿಲಿ ನೀರಿನ ಜಾಗಕ್ಕೆ 45 ಮಿಲಿ ಟಕೀಲಾ, 15 ಮಿಲಿ ಕಿತ್ತಳೆ ಲಿಕ್ಕರ್. ಐಸ್ ಹಾಕಿ ಜೋರಾಗಿ ಕುಲುಕಿ ಸೋಸಿ. ಐಸ್ ಕರಗಿ ಬೇಕಾದಷ್ಟು ನೀರು ತಾನೇ ಸೇರುತ್ತದೆ. ಟಕೀಲಾ ಕೊಳ್ಳುವಾಗ ಚೀಟಿ ಓದಿ. ನೂರಕ್ಕೆ ನೂರು ಅಗಾವೆ ಅಂತ ಬರೆದಿರದಿದ್ದರೆ ಅದರ ಸಕ್ಕರೆಯಲ್ಲಿ 49 ಪಾಲಿನವರೆಗೂ ಬೇರೆ ಮೂಲದ್ದಿರಬಹುದು. ಮರದ ಪೀಪಾಯಿಯಲ್ಲಿಟ್ಟ ಹಳೆಯದು ಬೇಡ, ಬಿಳಿಯದೇ ಸಾಕು.

ಹೀಗೆ ಮಾಡೋದರಲ್ಲಿ ನನಗೆ ಇನ್ನೊಂದು ಲಾಭ ಕಾಣುತ್ತದೆ. ಅಮೆರಿಕದ ಪಾರ್ಟಿಗಳಲ್ಲಿ ಕುಡಿಯದವನ ಕೈಗೆ ಸುಮ್ನೆ ಒಂದು ಸೋಡಾ ಕ್ಯಾನ್ ಕೊಟ್ಟು ಮುಗಿಸುತ್ತಾರೆ. ನಮ್ಮಲ್ಲಿ ಬಂದವರಿಗೆಲ್ಲ ಒಂದೇ ಪಾನಕ, ಅದು ನನಗೆ ಇಷ್ಟ. ಆದರೆ ನಮ್ಮ ಕಡೆಯ ಕಳ್ಳಾಟ ಇಷ್ಟವಿಲ್ಲ. ಜಗುಲಿಯಲ್ಲಿ ಮಜ್ಜಿಗೆ, ತೋಟದ ಮೂಲೆಯಲ್ಲಿ ಬಾಟಲಿ. ಗಂಡಸರು ಸರತಿಯಲ್ಲಿ ತೋಟ ನೋಡೋಕೆ ಹೋಗಿಬರುತ್ತಾರೆ, ಹೆಂಗಸರು ಗೊತ್ತಿಲ್ಲದವರ ಹಾಗೆ ಇರುತ್ತಾರೆ. ಬೇಕಾದವರು ಎದುರಿಗೇ ಕೂತು ಒಂದು ಲೋಟ ಕುಡಿಯಲಿ, ಬೇಡದವರು ಅದೇ ಬಣ್ಣದ ಪಾನಕ ಕುಡಿಯಲಿ. ಟೂಸಾನಿನ ನೆರೆಮನೆಯ ಮೆಕ್ಸಿಕನ್ ಅಜ್ಜಿಯ ಮನೆಯಲ್ಲಿ ಹೀಗೇ ನಡೆಯುತ್ತದೆ. ಅವರು ಇದೇ ಹಣ್ಣಿಗೆ ನೀರು, ನಿಂಬೆ, ಸ್ವಲ್ಪ ಸಕ್ಕರೆ ಹಾಕಿ ದೊಡ್ಡ ಜಗ್ಗಿನಲ್ಲಿ ಮೇಜಿನ ಮೇಲಿಡುತ್ತಾರೆ. ಮಕ್ಕಳೂ ಅದನ್ನೇ ಕುಡಿಯುತ್ತವೆ. ಟಕೀಲಾ ಪಕ್ಕದಲ್ಲಿ, ಬೇಕಾದವರು ಹಾಕಿಕೊಳ್ಳಬೇಕು. ಹೋಟೆಲಿನವರು ಕಲಿಯಬೇಕಾದ್ದು ಈ ಅಜ್ಜಿಯಿಂದ.

ಲೋಟದ ಅಂಚಿನ ಉಪ್ಪಿನ ವಿಷಯದಲ್ಲಿ ನಾನು ಕರಾವಳಿಯ ಪಕ್ಷ. ಗೋಕರ್ಣದ ಹತ್ತಿರ ಸಾಣಿಕಟ್ಟಾದ ಗದ್ದೆಗಳಲ್ಲಿ ಸಮುದ್ರದ ನೀರು ಬಿಸಿಲಿಗೆ ಒಣಗಿ ಮಾಸಲು ಹರಳುಪ್ಪಾಗುತ್ತದೆ. 1930ರಲ್ಲಿ ಉಪ್ಪಿನ ಸತ್ಯಾಗ್ರಹ ನಡೆದ ಅಂಕೋಲಾ ಅಲ್ಲಿಂದ ದೂರವಿಲ್ಲ. ಆ ಉಪ್ಪನ್ನು ತರಿತರಿಯಾಗಿ ಕುಟ್ಟಿ, ಒಣಗಿದ ಸೂಜಿಮೆಣಸು ಒಂದೆರಡು ಸೇರಿಸಿ, ಅಂಚಿನ ಅರ್ಧಕ್ಕೆ ಮಾತ್ರ ಹಚ್ಚಿ. ಸುತ್ತಲೂ ಹಚ್ಚಿದರೆ ಪ್ರತಿ ಗುಟುಕಿಗೂ ಉಪ್ಪು ತಿನ್ನಬೇಕಾಗುತ್ತದೆ.

ಊರಲ್ಲಿರುವವರು ಕಳ್ಳಿ ಹಣ್ಣು ಹುಡುಕಿಕೊಂಡು ಹೋಗುವ ಅಗತ್ಯವೇ ಇಲ್ಲ ಅನ್ನೋದು ನನ್ನ ಖಚಿತ ಅಭಿಪ್ರಾಯ. ಮುರುಗಲು ರಸ ಇದಕ್ಕಿಂತ ಜಾಸ್ತಿ ಚೆನ್ನಾಗಿ ಕೂರುತ್ತದೆ. ಹುಳಿ ಅದರಲ್ಲೇ ಇರುವುದರಿಂದ ನಿಂಬೆ 10 ಮಿಲಿಗೆ ಇಳಿಸಿ, ಉಳಿದದ್ದು ಅದೇ ಅಳತೆ. ಕಾರವಾರದವರು ಟಕೀಲಾ ಬದಲು ಫೆಣಿ, ಅಂದರೆ ಗೋಡಂಬಿ ಹಣ್ಣಿನಿಂದ ಮಾಡುವ ಗೋವಾದ ಮದ್ಯ, ಹಾಕಿದ್ದೂ ಉಂಟು. ಅದು ಮಾರ್ಗರಿಟಾ ಅಲ್ಲ, ಆದರೆ ಮುರುಗಲಿಗೆ ಫೆಣಿಯ ವಾಸನೆ ಹೊಂದುತ್ತದೆ. ಗೋವಾದಿಂದ ಬಾಟಲಿ ಹಿಡಿದುಕೊಂಡು ಗಡಿಯ ಮಾಜಾಳಿ ಚೆಕ್‌ಪೋಸ್ಟ್ ದಾಟುವ ಸಾಹಸ ಮಾತ್ರ ಬೇಡ. ಶಿರಸಿಯ ಭಾವ ಈಗ ಮುರುಗಲಿನದ್ದನ್ನೇ ಮಾಡುತ್ತಾರೆ, ಜಗುಲಿಯಲ್ಲೇ ಕೂತು. ಅಳತೆ ಎಲ್ಲ ಸರಿ. ಕೊನೆಗೆ ಮೇಲಿಂದ ಅರ್ಧ ಬಾಟಲಿ ಸೋಡಾ ಸುರಿಯುತ್ತಾರೆ. ಅದಕ್ಕೆ ನನ್ನ ಒಪ್ಪಿಗೆ ಇಲ್ಲ.